ಬಾಲ್ಡರ್ಸ್ ಗೇಟ್ 3: ಲೆವೆಲ್ ಏರಿಸೋದು, ನಾಲ್ಕು ಜನರ ಪಾರ್ಟಿ ಹೊಂದಿಸೋದು

ಬಾಲ್ಡರ್ಸ್ ಗೇಟ್ 3 ಅನ್ನೋ ಆರ್‌ಪಿಜಿನ (ಪಾತ್ರಗಳನ್ನ ಬೆಳೆಸ್ತಾ ಆಡೋ ವಿಡಿಯೋ ಗೇಮ್) ಹೊಸದಾಗಿ ಶುರು ಮಾಡಿದವರು ಮೊದಲು ಕೇಳೋದೇ, ಎಲ್ಲಿ ನಿಂತು ಫೈಟ್ ಮಾಡ್ತಾ ಇದ್ರೆ ಲೆವೆಲ್ ಬೇಗ ಏರುತ್ತೆ ಅಂತ. ಬೇರೆ ಆರ್‌ಪಿಜಿ ಆಡಿ ಬಂದವರಿಗೆ ಆ ಪ್ರಶ್ನೆ ಸಹಜ, ಅಲ್ಲಿ ಒಂದೇ ಕಾಡಲ್ಲಿ ಸುತ್ತಾಡ್ತಾ ಅದೇ ಪ್ರಾಣಿನ ನೂರು ಸಲ ಹೊಡೆದು ಲೆವೆಲ್ ಕೂಡಿಸ್ಕೊಂಡು ಆಮೇಲೆ ಬಾಸ್ ಹತ್ರ ಹೋಗೋ ರೂಢಿ ಇರುತ್ತೆ. ಇಲ್ಲಿ ಅದು ನಡೆಯಲ್ಲ. ಒಂದು ಸಲ ಸೋಲಿಸಿದ ಗುಂಪು ಮತ್ತೆ ಅದೇ ಜಾಗದಲ್ಲಿ ಹುಟ್ಟಿ ಬರಲ್ಲ, ಇಡೀ ಗೇಮಲ್ಲಿ ಸಿಗೋ ಎಕ್ಸ್‌ಪಿಗೆ (ಲೆವೆಲ್ ಏರಿಸೋ ಅನುಭವದ ಅಂಕ) ಒಂದು ಮಿತಿ ಇದೆ, ಲೆವೆಲ್ಲೂ 12ಕ್ಕೆ ನಿಂತು ಹೋಗುತ್ತೆ. ಹಾಗಾಗಿ ಇಲ್ಲಿ ಗೆಲ್ಲೋರು ಸೋಲೋರು ಅನ್ನೋ ವ್ಯತ್ಯಾಸ ಬರೋದು ಲೆವೆಲ್‌ನಿಂದ ಅಷ್ಟಾಗಿ ಅಲ್ಲ, ಅದೇ ಲೆವೆಲ್ಲಲ್ಲಿ ನಿಮ್ಮ ನಾಲ್ಕು ಜನ ಒಬ್ಬರಿಗೊಬ್ಬರು ಅಡ್ಡ ಬರದೆ ಆಡ್ತಾರಾ ಅನ್ನೋದ್ರಿಂದ. ನಾನು ಈ ಗೇಮನ್ನ ಮೂರು ಸಲ ಕೊನೆವರೆಗೂ ಆಡಿದೀನಿ, ಮೊದಲನೇ ಸಲ ಸೋತ ಫೈಟ್‌ಗಳನ್ನ ನೆನೆಸ್ಕೊಂಡ್ರೆ ಎಲ್ಲದರಲ್ಲೂ ಕಾರಣ ಇದೇ.

ಮೊದಲು ಎಕ್ಸ್‌ಪಿ ವಿಷಯ ಮುಗಿಸಿಬಿಡೋಣ. ಎಕ್ಸ್‌ಪಿ ಎಲ್ಲರಿಗೂ ಸಮವಾಗಿ ಬರುತ್ತೆ, ಕ್ಯಾಂಪಲ್ಲಿ ಸುಮ್ನೆ ಕೂತಿರೋರಿಗೂ ಬರುತ್ತೆ, ಯಾರು ಕೊನೇ ಏಟು ಹೊಡೆದ್ರು ಅನ್ನೋದು ಲೆಕ್ಕಕ್ಕೇ ಇಲ್ಲ. ಅಂದ್ರೆ ಹತ್ತು ಗಂಟೆ ಜೊತೆಗಾರ ವಿಝರ್ಡ್ (ಮಂತ್ರವಾದಿ) ಗೇಲ್‌ನ ಕ್ಯಾಂಪಲ್ಲಿ ಬಿಟ್ಟಿದ್ರೂ ಅವನು ನಿಮ್ಮ ಲೆವೆಲ್ಲಲ್ಲೇ ಇರ್ತಾನೆ, ಬೇಕಾದಾಗ ಕರ್ಕೊಂಡು ಹೋಗಬಹುದು, ಹಾಗಾಗಿ ಇವನನ್ನ ಬಿಟ್ರೆ ಹಿಂದೆ ಬೀಳ್ತಾನೆ ಅನ್ನೋ ಭಯಕ್ಕೆ ಅದೇ ನಾಲ್ಕು ಜನಾನ ಕಟ್ಕೊಂಡು ಓಡಾಡೋ ಅವಶ್ಯಕತೆ ಇಲ್ಲ. ಲೆವೆಲ್ 2ಕ್ಕೆ ಒಟ್ಟು 300 ಎಕ್ಸ್‌ಪಿ ಬೇಕು, 3ಕ್ಕೆ 900, 4ಕ್ಕೆ 2700, 5ಕ್ಕೆ 6500. ನೋಡಿ, 4ರಿಂದ 5ಕ್ಕೆ ಹೋಗೋದು ಅದಕ್ಕಿಂತ ಹಿಂದಿನ ಎಲ್ಲಾ ಲೆವೆಲ್ ಸೇರಿಸಿದ್ರೂ ಅದಕ್ಕಿಂತ ದೊಡ್ಡ ದೂರ, ಅಲ್ಲೇ ಜನ ಸುಸ್ತಾಗೋದು.

ಫೈಟ್ ಮಾತ್ರ ಎಕ್ಸ್‌ಪಿ ಕೊಡೋದಲ್ಲ ಅನ್ನೋದು ತುಂಬಾ ಜನಕ್ಕೆ ಗೊತ್ತಿರಲ್ಲ. ಹೊಸ ಜಾಗ ಕಂಡುಹಿಡಿದ್ರೆ ಬರುತ್ತೆ, ಕ್ವೆಸ್ಟ್ ಮುಗಿಸಿದ್ರೆ ಬರುತ್ತೆ, ಫೈಟ್ ಆಗಬೇಕಾದ ಜಾಗದಲ್ಲಿ ಮಾತಾಡಿ ಒಪ್ಪಿಸಿದ್ರೂ ಬರುತ್ತೆ, ಬೆಟ್ಟದ ಮೇಲಿಂದ ಒಬ್ಬನನ್ನ ತಳ ಇಲ್ಲದ ಪ್ರಪಾತಕ್ಕೆ ತಳ್ಳಿದ್ರೂ ಎಕ್ಸ್‌ಪಿ ಸಿಗುತ್ತೆ, ಅವನ ಹತ್ರ ಇದ್ದ ಸಾಮಾನು ಮಾತ್ರ ಅವನ ಜೊತೆಗೇ ಹೋಗುತ್ತೆ. ಅದಕ್ಕೇ ಆಕ್ಟ್ 1ರಲ್ಲಿ (ಕಥೆಯ ಮೊದಲ ಭಾಗ) ಮ್ಯಾಪ್ ಅರ್ಧಂಬರ್ಧ ಬಿಟ್ಟು ಮುಂದೆ ಓಡಬೇಡಿ. ಎಮರಾಲ್ಡ್ ಗ್ರೋವ್ ಪೂರ್ತಿ ಸುತ್ತಿ, ಸಿಕ್ಕವರನ್ನೆಲ್ಲ ಮಾತಾಡಿಸಿ, ಗುಹೆಗಳನ್ನ ನೋಡಿ. ಒಂದು ಫೈಟ್ ಕೈಮೀರ್ತಿದೆ ಅನ್ಸಿದ್ರೆ ಅದನ್ನ ಬಿಟ್ಟು ಬೇರೆ ಕಡೆ ಹೋಗಿ ಒಂದು ಲೆವೆಲ್ ಮೇಲೆ ಬಂದು ವಾಪಸ್ ಹೋಗೋದು ತಪ್ಪೇನಲ್ಲ, ಗೇಮೇ ಹಾಗೆ ಮಾಡಿಟ್ಟಿದೆ. ಪಾಳುಬಿದ್ದ ಹಳ್ಳಿಯ ಬಾವಿ ಕೆಳಗೆ ಒಂದು ದೊಡ್ಡ ಜೇಡ ಇದೆ, ಅದರ ಹತ್ರ ನಾನು ಲೆವೆಲ್ 3ರಲ್ಲಿ ಹಠ ಹಿಡಿದು ನಾಲ್ಕು ಸಲ ಸೋತು ಆಮೇಲೆ ಒಂದು ಲೆವೆಲ್ ಏರಿಸ್ಕೊಂಡು ಹೋದಾಗ ಮೊದಲನೇ ಸಲಕ್ಕೇ ಮುಗೀತು.

ಲೆವೆಲ್ 5 ಯಾಕೆ ಅಷ್ಟು ಮುಖ್ಯ ಅಂದ್ರೆ ಅಲ್ಲಿ ಎಲ್ಲಾ ಒಟ್ಟಿಗೆ ಬರುತ್ತೆ. ಫೈಟರ್, ಬಾರ್ಬೇರಿಯನ್, ಪ್ಯಾಲಡಿನ್, ರೇಂಜರ್, ಮಾಂಕ್ ಈ ಕ್ಲಾಸಿನವರಿಗೆಲ್ಲ (ಕ್ಲಾಸ್ ಅಂದ್ರೆ ಪಾತ್ರದ ವೃತ್ತಿ) ಒಂದು ಆಕ್ಷನ್‌ಗೆ, ಅಂದ್ರೆ ಟರ್ನಿನ ಮುಖ್ಯ ಕೆಲಸಕ್ಕೆ, ಎರಡು ಏಟು ಸಿಗುತ್ತೆ. ವಿಝರ್ಡ್‌ಗೆ ಮೂರನೇ ಮಟ್ಟದ ಸ್ಪೆಲ್ (ಮಂತ್ರ) ಸಿಗುತ್ತೆ, ಅಂದ್ರೆ ಫೈರ್‌ಬಾಲ್, ಎಂಟು ಆರುಮುಖದ ಡೈಸ್ ಉರುಳಿಸೋ ಡ್ಯಾಮೇಜ್, ಸರಾಸರಿ 28, ಅದೂ ಗುಂಪಲ್ಲಿ ನಿಂತಿರೋ ಎಲ್ಲರಿಗೂ. ಕ್ಲೆರಿಕ್‌ಗೆ (ದೇವರ ಶಕ್ತಿಯಿಂದ ಸ್ಪೆಲ್ ಹಾಕೋರು) ಸ್ಪಿರಿಟ್ ಗಾರ್ಡಿಯನ್ಸ್, ಸುತ್ತ ಬಂದ ಶತ್ರುಗಳಿಗೆ ಡ್ಯಾಮೇಜ್ ಕೊಡೋ ಸ್ಪೆಲ್. ಸ್ಲಾಟ್ (ದೊಡ್ಡ ಸ್ಪೆಲ್ ಹಾಕಿದಾಗ ಖರ್ಚಾಗೋ ಎಣಿಕೆ) ಬೇಡದ ಕ್ಯಾಂಟ್ರಿಪ್ ಅನ್ನೋ ಸಣ್ಣ ಸ್ಪೆಲ್‌ಗಳ ಡ್ಯಾಮೇಜ್ ಡಬಲ್ ಆಗುತ್ತೆ, ಮತ್ತೆ 10ರಲ್ಲಿ ಇನ್ನೊಂದು ಸಲ ಏರುತ್ತೆ. ಪ್ರೊಫಿಶಿಯೆನ್ಸಿ ಬೋನಸ್ (ಪಳಗಿದ ಕೆಲಸಗಳ ರೋಲಿಗೆ ಕೂಡೋ ಅಂಕ) 2ರಿಂದ 3 ಆಗುತ್ತೆ. ಹಾಗಾಗಿ ನನ್ನ ಒಂದು ಗಟ್ಟಿ ಸಲಹೆ, 5 ಮುಟ್ಟೋವರೆಗೂ ಯಾರನ್ನೂ ಮಲ್ಟಿಕ್ಲಾಸ್ (ಒಬ್ಬರಿಗೇ ಎರಡು ಕ್ಲಾಸ್ ಸೇರಿಸೋದು) ಮಾಡಬೇಡಿ. ಮಾತಿಗೆ, ಫೈಟರ್ 3, ರೋಗ್ 2 ಅಂತ ಸೇರಿಸಿದ್ರೆ ಸ್ಕ್ರೀನ್ ಮೇಲೆ 5 ಅಂತ ಇರುತ್ತೆ, ಆದ್ರೆ ಎರಡನೇ ಏಟು ಇರಲ್ಲ, ಆಗ ನಿಮ್ಮ ಮುಂದೆ ಬರೋ ಶತ್ರುಗಳು ಮಾತ್ರ 5ಕ್ಕೆ ತಕ್ಕ ಹಾಗೆ ಬರ್ತಾರೆ.

ಈಗ ಪಾರ್ಟಿ. ಬ್ಯಾಲೆನ್ಸ್ಡ್ ಪಾರ್ಟಿ ಅಂದ ತಕ್ಷಣ ಎಲ್ಲರೂ ಹೇಳೋದು ಒಬ್ಬ ಟ್ಯಾಂಕ್, ಒಬ್ಬ ಹೀಲರ್, ಇಬ್ಬರು ಡ್ಯಾಮೇಜ್. ಬಾಲ್ಡರ್ಸ್ ಗೇಟ್ 3ರಲ್ಲಿ ಆ ಲೆಕ್ಕ ಅರ್ಧ ಮಾತ್ರ ಕೆಲಸ ಮಾಡುತ್ತೆ, ಯಾಕಂದ್ರೆ ಶತ್ರುಗಳನ್ನ ಬಲವಂತವಾಗಿ ತನ್ನ ಕಡೆಗೇ ಎಳ್ಕೊಂಡು ಇಟ್ಕೊಳ್ಳೋ ಟ್ಯಾಂಕ್ ಅನ್ನೋ ವ್ಯವಸ್ಥೆ ಇಲ್ಲಿ ಹೆಚ್ಚು ಇಲ್ಲ, ಅವರು ಟ್ಯಾಂಕ್‌ನ ದಾಟ್ಕೊಂಡು ಕವಚ ಇಲ್ಲದೆ ಬರೀ ಬಟ್ಟೆ ಹಾಕಿರೋ ಗೇಲ್ ಹತ್ರಾನೇ ಹೋಗ್ತಾರೆ. ಹೀಲಿಂಗ್ ಅಂತೂ ಶತ್ರು ಕೊಡೋ ಡ್ಯಾಮೇಜ್‌ಗೆ ಸರಿಸಾಟಿ ಆಗೋದೇ ಇಲ್ಲ. ನೀವು ನೋಡಬೇಕಾದ್ದು ನಾಲ್ಕು ಜನರಲ್ಲಿ ಯಾರ್ಯಾರು ಒಂದೇ ವಸ್ತುಗೆ ಕಿತ್ತಾಡ್ತಾರೆ ಅನ್ನೋದನ್ನ, ಅದರಲ್ಲಿ ಮುಖ್ಯವಾದ್ದು ಕಾನ್ಸಂಟ್ರೇಶನ್.

ಕಾನ್ಸಂಟ್ರೇಶನ್ ಅಂದ್ರೆ ಕೆಲವು ಸ್ಪೆಲ್‌ಗಳನ್ನ ಹಾಕಿದ ಮೇಲೂ ಮನಸ್ಸಲ್ಲಿ ಹಿಡಿದುಕೊಂಡೇ ಇರಬೇಕು, ಒಬ್ಬರು ಒಂದು ಸಮಯಕ್ಕೆ ಒಂದನ್ನೇ ಹಿಡಿಯಬಹುದು, ಇನ್ನೊಂದು ಹಾಕಿದ್ರೆ ಮೊದಲನೇದು ಬಿಟ್ಟುಹೋಗುತ್ತೆ. ಬ್ಲೆಸ್, ಹೇಸ್ಟ್, ಹೋಲ್ಡ್ ಪರ್ಸನ್, ವೆಬ್, ಫೇರಿ ಫೈರ್, ಹೆಕ್ಸ್, ಹಂಟರ್ಸ್ ಮಾರ್ಕ್, ಸ್ಪಿರಿಟ್ ಗಾರ್ಡಿಯನ್ಸ್ ಎಲ್ಲಾ ಇದೇ ಜಾತಿ. ಗೈಡೆನ್ಸ್ ಕೂಡ! ಎಷ್ಟೋ ಸಲ ಬ್ಲೆಸ್ ಹಾಕಿ ಹೊರಟು ದಾರಿಯಲ್ಲಿ ಬೀಗ ತೆಗೆಯೋಕೆ ಅಂತ ಅದೇ ಕ್ಲೆರಿಕ್ ಕೈಲಿ ಗೈಡೆನ್ಸ್ ಹಾಕಿಸಿ ಬ್ಲೆಸ್ ಕಳ್ಕೊಂಡಿದೀನಿ. ಏಟು ಬಿದ್ರೂ ಇದು ತಪ್ಪಬಹುದು, ಕಾನ್‌ಸ್ಟಿಟ್ಯೂಶನ್ (ದೇಹದ ಗಟ್ಟಿತನದ ಅಂಕ) ಸೇವ್, ಅಂದ್ರೆ ತಡ್ಕೊಳ್ಳೋ ರೋಲ್, ಬೀಳುತ್ತೆ, ಗೆಲ್ಲಬೇಕಾದ ಅಂಕ 10 ಅಥವಾ ಬಿದ್ದ ಡ್ಯಾಮೇಜ್‌ನ ಅರ್ಧ, ಯಾವುದು ಜಾಸ್ತಿಯೋ ಅದು. ಕಾನ್‌ಸ್ಟಿಟ್ಯೂಶನ್ 14 ಇದ್ದವರಿಗೆ ಸಣ್ಣ ಏಟಿಗೂ ಉಳಿಸ್ಕೊಳ್ಳೋ ಚಾನ್ಸ್ 65% ಅಷ್ಟೇ, ಒಂದೇ ಸುತ್ತಲ್ಲಿ ಮೂರು ಬಾಣ ಬಿದ್ರೆ ಮೂರು ಸಲ ರೋಲ್ ಮಾಡ್ಬೇಕು, ಮೂರೂ ಗೆಲ್ಲೋ ಚಾನ್ಸ್ ಕಾಲು ಭಾಗಕ್ಕಿಂತ ಸ್ವಲ್ಪ ಜಾಸ್ತಿ. ಅದಕ್ಕೇ ಸ್ಪೆಲ್ ಹಿಡಿದಿರೋರು ಯಾವಾಗ್ಲೂ ಹಿಂದೆ ಅಥವಾ ಮರೆಯಲ್ಲಿ ನಿಲ್ಲಬೇಕು, ಲೆವೆಲ್ 4ರಲ್ಲಿ ಫೀಟ್ (ಒಂದು ವಿಶೇಷ ಸಾಮರ್ಥ್ಯದ ಆಯ್ಕೆ) ಬಂದಾಗ ವಾರ್ ಕಾಸ್ಟರ್ ತಗೊಂಡ್ರೆ ಆ ಸೇವ್‌ಗೆ ಎರಡು ಡೈಸ್ ಉರುಳಿಸಿ ದೊಡ್ಡದನ್ನ ಇಟ್ಕೊಳ್ಳಬಹುದು.

ಎರಡನೇ ಸಲ ಆಡುವಾಗ ನಾನು ಕ್ಲೆರಿಕ್, ಡ್ರೂಯಿಡ್, ವಿಝರ್ಡ್, ಬಾರ್ಡ್ ಇಟ್ಕೊಂಡು ಹೋದೆ, ಕಾಗದದ ಮೇಲೆ ಭಾರೀ ಪಾರ್ಟಿ, ನಾಲ್ಕು ಜನಕ್ಕೂ ಸ್ಪೆಲ್ ಇದೆ. ಆದ್ರೆ ಮೊದಲನೇ ಸುತ್ತಲ್ಲಿ ಎಲ್ಲರೂ ಒಂದೊಂದು ಕಾನ್ಸಂಟ್ರೇಶನ್ ಸ್ಪೆಲ್ ಹಾಕಿದ ಮೇಲೆ ಎರಡನೇ ಸುತ್ತಿಂದ ಮಾಡೋಕೆ ಒಳ್ಳೇ ಕೆಲಸಾನೇ ಇಲ್ಲ, ಮುಂದೆ ನಿಂತು ಏಟು ತಿನ್ನೋರೂ ಇಲ್ಲ, ಒಬ್ಬೊಬ್ಬರ ಸ್ಪೆಲ್ಲೂ ಒಡೀತಾ ಬಂತು. ಅದಾದ ಮೇಲೆ ನಾನು ಪಾಲಿಸೋ ನಿಯಮ, ಇಬ್ಬರು ಕಾನ್ಸಂಟ್ರೇಶನ್ ಹಿಡಿಯೋರು, ಇಬ್ಬರು ಅದರ ಗೊಡವೆ ಇಲ್ಲದೆ ಪ್ರತಿ ಟರ್ನಲ್ಲೂ ಹೊಡೆಯೋರು. ಬಾರ್ಬೇರಿಯನ್‌ಗೆ ರೇಜ್ ಬಂದಾಗ ಸ್ಪೆಲ್ ಹಾಕೋಕೂ ಆಗಲ್ಲ, ಹಿಡಿಯೋಕೂ ಆಗಲ್ಲ, ಹಾಗಾಗಿ ಬಾರ್ಬೇರಿಯನ್ ಆಗಿರೋ ಜೊತೆಗಾರ್ತಿ ಕಾರ್ಲ್ಯಾಕ್ ಈ ಲೆಕ್ಕಕ್ಕೆ ಸರಿಯಾಗಿ ಕೂರ್ತಾಳೆ. ಫೈಟರ್ ಲೇಜೆಲ್ಲೂ ಹಾಗೇ. ಹಿಡಿಯೋ ಇಬ್ಬರಲ್ಲಿ ಒಬ್ಬರು ನಮ್ಮವರಿಗೆ ಬಲ ಕೊಡಲಿ, ಬ್ಲೆಸ್ ಥರ, ಇನ್ನೊಬ್ಬರು ಶತ್ರುಗಳನ್ನ ಕಟ್ಟಿಹಾಕಲಿ, ವೆಬ್ ಅಥವಾ ಹೋಲ್ಡ್ ಪರ್ಸನ್ ಥರ.

ಬ್ಲೆಸ್ ಬಗ್ಗೆ ಸ್ವಲ್ಪ ಹೇಳಲೇಬೇಕು ಯಾಕಂದ್ರೆ ಹೊಸಬರು ಡ್ಯಾಮೇಜ್ ಇಲ್ಲ ಅಂತ ಅದನ್ನ ಮುಟ್ಟೋದೇ ಇಲ್ಲ. ಇಲ್ಲಿ ಎಲ್ಲಾ ಏಟಿಗೂ ಇಪ್ಪತ್ತು ಮುಖದ ಡೈಸ್, ಅಂದ್ರೆ ಒಂದು ಅಂಕ ಜಾಸ್ತಿ ಆದ್ರೆ 5% ಚಾನ್ಸ್ ಜಾಸ್ತಿ. ಬ್ಲೆಸ್ ಮೂರು ಜನಕ್ಕೆ ಪ್ರತಿ ಏಟಿಗೂ ನಾಲ್ಕು ಮುಖದ ಡೈಸ್ ಕೂಡಿಸುತ್ತೆ, ಸರಾಸರಿ ಎರಡೂವರೆ, ಅಂದ್ರೆ 12%ಗಿಂತ ಜಾಸ್ತಿ. 55% ಇದ್ದ ಏಟು 67% ಆಗುತ್ತೆ, ಅದೂ ಮೂರು ಜನಕ್ಕೆ, ಜೊತೆಗೆ ಸೇವ್‌ಗಳಿಗೂ ಕೂಡುತ್ತೆ, ಇಷ್ಟಕ್ಕೆಲ್ಲ ಖರ್ಚು ಒಂದೇ ಒಂದು ಮೊದಲನೇ ಮಟ್ಟದ ಸ್ಲಾಟ್. ಅದರ ಜೊತೆ ಎತ್ತರದ ಜಾಗದಲ್ಲಿ ನಿಂತು ಹೊಡೆದ್ರೆ ಇನ್ನೊಂದು 2 ಅಂಕ ಸಿಗುತ್ತೆ, ಕೆಳಗಿಂದ ಮೇಲಕ್ಕೆ ಹೊಡೆದ್ರೆ 2 ಕಳೀತಾರೆ. ಅಡ್ವಾಂಟೇಜ್ ಸಿಕ್ರೆ ಎರಡು ಡೈಸಲ್ಲಿ ದೊಡ್ಡದು, 50% ಇದ್ದ ಏಟು 75% ಆಗುತ್ತೆ. ಮೊದಲ ನಾಲ್ಕು ಲೆವೆಲ್ ಈ ಗೇಮ್ ಕಷ್ಟ ಅನ್ಸೋದು ಏಟು ತಪ್ಪೋದಕ್ಕೇ, ಡ್ಯಾಮೇಜ್ ಕಮ್ಮಿ ಅಂತ ಅಲ್ಲ. ಗ್ರೇಟ್ ವೆಪನ್ ಮಾಸ್ಟರ್, ಶಾರ್ಪ್‌ಶೂಟರ್ ಫೀಟ್‌ಗಳು 5 ಅಂಕ ಕಳೆದು 10 ಡ್ಯಾಮೇಜ್ ಕೊಡೋದು ಕೂಡ ಬ್ಲೆಸ್, ಎತ್ತರ, ಅಡ್ವಾಂಟೇಜ್ ಇದ್ದಾಗ ಮಾತ್ರ ಲಾಭ, ಇಲ್ಲಾಂದ್ರೆ ಆ ಬಟನ್ ಆಫ್ ಮಾಡಿಡಿ.

ಎತ್ತರ ಅಂದಾಗ ಮೊದಲನೇ ಸಲದ ಪಾರ್ಟಿ ನೆನಪಾಗುತ್ತೆ, ನಾನು ಪ್ಯಾಲಡಿನ್, ಜೊತೆಗೆ ಲೇಜೆಲ್, ಕಾರ್ಲ್ಯಾಕ್, ಕ್ಲೆರಿಕ್ ಶ್ಯಾಡೋಹಾರ್ಟ್. ಎದುರಿಗೆ ಬಂದವರನ್ನ ಪುಡಿ ಮಾಡ್ತಿದ್ವಿ, ಆದ್ರೆ ಆ ಪಾಳುಹಳ್ಳಿಯಲ್ಲಿ ಗಾಬ್ಲಿನ್‌ಗಳು ಮನೆ ಮೇಲೆ ನಿಂತು ಬಾಣ ಬಿಡೋಕೆ ಶುರು ಮಾಡಿದಾಗ ಮೂರು ಟರ್ನ್ ಬರೀ ಓಡೋದರಲ್ಲೇ ಹೋಯ್ತು, ಮೇಲೆ ಹತ್ತೋ ಹೊತ್ತಿಗೆ ಇಬ್ಬರು ಬಿದ್ದಿದ್ರು. ಹಾಗಾಗಿ ದೂರದಿಂದ ಹೊಡೆಯೋರು ಕನಿಷ್ಠ ಇಬ್ಬರು ಬೇಕೇ ಬೇಕು. ಹತ್ತಿರ ಹೋಗಿ ಹೊಡೆಯೋರಿಗೂ ಒಂದು ಬಿಲ್ಲೋ ಎಸೆಯೋ ಜಾವೆಲಿನ್ನೋ ಕೊಟ್ಟಿಡಿ, ಸ್ಟ್ರೆಂತ್ ಜಾಸ್ತಿ ಇರೋರಿಗೆ ಜಾವೆಲಿನ್ ಚೆನ್ನಾಗಿ ಕೂರುತ್ತೆ, ಬಿಲ್ಲಿಗೆ ಡೆಕ್ಸ್ಟೆರಿಟಿ ಬೇಕು.

ಇನ್ನೊಂದು ಕಿತ್ತಾಟ ರೆಸ್ಟ್ ವಿಷಯದ್ದು. ಶಾರ್ಟ್ ರೆಸ್ಟ್ (ಸಣ್ಣ ವಿಶ್ರಾಂತಿ) ಒಂದು ಲಾಂಗ್ ರೆಸ್ಟಿಂದ (ಕ್ಯಾಂಪಲ್ಲಿ ರಾತ್ರಿ ಕಳೆಯೋದು) ಇನ್ನೊಂದಕ್ಕೆ ಎರಡು ಸಲ ಸಿಗುತ್ತೆ, ಅರ್ಧ ಹಿಟ್ ಪಾಯಿಂಟ್ (ಜೀವದ ಅಂಕ) ವಾಪಸ್ ಕೊಡುತ್ತೆ. ವಾರ್‌ಲಾಕ್, ಫೈಟರ್, ಮಾಂಕ್ ಈ ಶಾರ್ಟ್ ರೆಸ್ಟ್ ಮೇಲೇ ಬದುಕೋರು, ವಾರ್‌ಲಾಕ್ ವಿಲ್‌ಗೆ ಎರಡೇ ಸ್ಲಾಟ್ ಇದ್ರೂ ಶಾರ್ಟ್ ರೆಸ್ಟಲ್ಲಿ ತುಂಬುತ್ತೆ, ಲೇಜೆಲ್‌ನ ಆಕ್ಷನ್ ಸರ್ಜ್ (ಆ ಟರ್ನಲ್ಲಿ ಇನ್ನೊಂದು ಆಕ್ಷನ್) ಕೂಡ. ವಿಝರ್ಡ್, ಕ್ಲೆರಿಕ್, ಪ್ಯಾಲಡಿನ್, ಸಾರ್ಸರರ್, ಬಾರ್ಬೇರಿಯನ್ ಇವರ ದೊಡ್ಡ ಅಸ್ತ್ರ ಎಲ್ಲಾ ಲಾಂಗ್ ರೆಸ್ಟಿಗೇ ಕಾಯಬೇಕು. ರೋಗ್‌ಗೆ ಎರಡೂ ಹೆಚ್ಚು ಬೇಡ, ಸ್ನೀಕ್ ಅಟ್ಯಾಕ್ ಪ್ರತಿ ಟರ್ನೂ ಇರುತ್ತೆ. ನಾಲ್ಕೂ ಜನ ಲಾಂಗ್ ರೆಸ್ಟಿನೋರೇ ಆದ್ರೆ ಎರಡು ಫೈಟ್ ಆದ ತಕ್ಷಣ ಎಲ್ಲರೂ ಒಟ್ಟಿಗೆ ಖಾಲಿ ಆಗ್ತಾರೆ, ಅದಕ್ಕೆ ಇಬ್ಬರು ಅವರು ಇಬ್ಬರು ಇವರು ಅಂತ ಬೆರೆಸಿ. ಪಾರ್ಟಿಯಲ್ಲಿ ಬಾರ್ಡ್ ಇದ್ರೆ ಲೆವೆಲ್ 2ರಿಂದ ಸಾಂಗ್ ಆಫ್ ರೆಸ್ಟ್ ಬರುತ್ತೆ, ಅದು ಒಂದು ಶಾರ್ಟ್ ರೆಸ್ಟ್ ಹೆಚ್ಚಿಗೆ ಸಿಕ್ಕ ಹಾಗೆ, ವಾರ್‌ಲಾಕ್ ಜೊತೆ ಬಾರ್ಡ್ ಇಟ್ರೆ ಅದರ ಬೆಲೆ ಗೊತ್ತಾಗುತ್ತೆ.

ಲಾಂಗ್ ರೆಸ್ಟ್ ಮಾಡೋಕೆ ತುಂಬಾ ಜನ ಹೆದರ್ತಾರೆ, ತಲೆಯೊಳಗೆ ಹುಳ ಇದೆ, ಟೈಮ್ ಇಲ್ಲ ಅಂತ ಕಥೆ ಶುರುವಲ್ಲೇ ಹೆದರಿಸುತ್ತಲ್ಲ, ಅದಕ್ಕೆ. ಹೆದರಬೇಡಿ. ಹೊತ್ತಿ ಉರೀತಿರೋ ಮನೆ ಥರ ಕೆಲವು ಘಟನೆಗಳು ಮಾತ್ರ ನಿಮಗೆ ಕಾಯಲ್ಲ, ಹುಳದ ಕಥೆಗೆ ದಿನದ ಲೆಕ್ಕ ಇಲ್ಲ. ಪೂರ್ತಿ ರೆಸ್ಟಿಗೆ ಬ್ಯಾಲೆನ್ಸ್ಡ್ ಮೋಡಲ್ಲಿ (ಸಾಧಾರಣ ಕಷ್ಟದ್ದು) 40 ಕ್ಯಾಂಪ್ ಸಪ್ಲೈ ಬೇಕು, ಅದಕ್ಕಿಂತ ಕಷ್ಟದ ಟ್ಯಾಕ್ಟಿಶಿಯನಲ್ಲಿ 80. ಡಬ್ಬ, ಪೀಪಾಯಿ, ಅಡುಗೆಮನೆ ಕಂಡಲ್ಲೆಲ್ಲ ತಿನ್ನೋ ಸಾಮಾನು ಎತ್ತಿ ಕ್ಯಾಂಪಿಗೆ ಕಳಿಸ್ತಾ ಇದ್ರೆ ಸಾಕು, ನನಗೆ ಯಾವತ್ತೂ ಕಮ್ಮಿ ಬಿದ್ದಿಲ್ಲ. ಇನ್ನೊಂದು, ಜೊತೆಯವರ ಕಥೆಗಳು ಮುಂದೆ ಹೋಗೋದು ರಾತ್ರಿ ಕ್ಯಾಂಪಲ್ಲೇ, ರೆಸ್ಟ್ ಮಾಡದೇ ಇದ್ರೆ ಎಷ್ಟೋ ಒಳ್ಳೇ ಮಾತುಕತೆಗಳು ಕೈತಪ್ಪಿ ಹೋಗುತ್ತೆ, ಅದು ನನಗೆ ನಿಜವಾಗ್ಲೂ ಬೇಜಾರಾಗೋ ವಿಷಯ.

ಹೀಲರ್ ವಿಷಯಕ್ಕೆ ಬರ್ತೀನಿ. ಒಬ್ಬರನ್ನ ಬರೀ ಹೀಲ್ ಮಾಡೋಕೆ ಅಂತ ಇಟ್ಕೊಂಡ್ರೆ ನಿಮ್ಮ ಪಾರ್ಟಿ ಮೂರೇ ಜನದ್ದು. ಹೀಲಿಂಗ್ ವರ್ಡ್ ಸ್ಪೆಲ್ ಬೋನಸ್ ಆಕ್ಷನ್ (ಟರ್ನಲ್ಲಿ ಆಕ್ಷನ್ ಜೊತೆಗೆ ಸಿಗೋ ಸಣ್ಣ ಕೆಲಸ), ದೂರದಿಂದಲೇ ಹಾಕಬಹುದು, ಬಿದ್ದವರನ್ನ ಎಬ್ಬಿಸೋಕೆ ಅಷ್ಟು ಸಾಕು, ಆಕ್ಷನ್ ಹಾಗೇ ಉಳಿಯುತ್ತೆ, ಅದರಲ್ಲಿ ಗೈಡಿಂಗ್ ಬೋಲ್ಟ್ ಹೊಡೀರಿ. ಪೋಶನ್ ಕುಡಿಯೋದೂ ಬೋನಸ್ ಆಕ್ಷನ್. ಇಬ್ಬರು ಮೂವರು ಹತ್ತಿರ ಹತ್ತಿರ ನಿಂತಿದ್ರೆ ಪೋಶನ್ ಬಾಟ್ಲಿನ ಅವರ ಕಾಲ ಹತ್ರ ಎಸೆದ್ರೆ ಎಲ್ಲರಿಗೂ ಹೀಲ್ ಆಗುತ್ತೆ. ಯಾವ ಸ್ಪೆಲ್ಲೂ ಇಲ್ಲಾಂದ್ರೆ ಹೆಲ್ಪ್ ಆಕ್ಷನಲ್ಲಿ ಯಾರು ಬೇಕಾದ್ರೂ ಬಿದ್ದವರನ್ನ ಎಬ್ಬಿಸಬಹುದು. ಪೋಶನ್‌ಗಳನ್ನ ಒಬ್ಬರ ಬ್ಯಾಗಲ್ಲೇ ಗುಡ್ಡೆ ಹಾಕಬೇಡಿ, ಬಿದ್ದವರ ಬ್ಯಾಗಲ್ಲೇ ಎಲ್ಲಾ ಇದ್ರೆ ಆ ಹೊತ್ತಿಗೆ ಕೈಗೆ ಸಿಗಲ್ಲ.

ಬೋನಸ್ ಆಕ್ಷನ್ ಖಾಲಿ ಬಿಡೋದು ದೊಡ್ಡ ನಷ್ಟ, ಇದನ್ನ ಯಾರೂ ಹೇಳಿಕೊಡಲ್ಲ. ತಳ್ಳೋದು, ಹಾರೋದು, ಕತ್ತಿಯನ್ನ ಬೆಂಕಿಗೆ ಅದ್ದೋದು, ಪೋಶನ್, ಎಲ್ಲಾ ಬೋನಸ್ ಆಕ್ಷನ್‌ಗಳೇ. ಪ್ರತಿಯೊಬ್ಬರ ಟರ್ನ್ ಮುಗಿಸೋಕೆ ಮುಂಚೆ ಕೆಳಗಿನ ಆ ತ್ರಿಕೋನ ಇನ್ನೂ ಉಳಿದಿದೆಯಾ ನೋಡಿ.

ಫೈಟ್ ಹೊರಗಿನ ಕೆಲಸಕ್ಕೂ ಜನ ಬೇಕು. ಬೀಗ, ಟ್ರ್ಯಾಪ್‌ಗೆ ಸ್ಲೈಟ್ ಆಫ್ ಹ್ಯಾಂಡ್ (ಕೈಚಳಕ) ಚೆನ್ನಾಗಿರೋ ಒಬ್ಬರು, ರೋಗ್ ಆಸ್ಟೇರಿಯನ್ ಇದಕ್ಕೇ ಹುಟ್ಟಿದವನ ಹಾಗಿದ್ದಾನೆ, ಆದ್ರೆ ಡೆಕ್ಸ್ಟೆರಿಟಿ ಇರೋ ಬಾರ್ಡೋ ರೇಂಜರೋ ಇದ್ರೂ ನಡೆಯುತ್ತೆ. ಮಾತಾಡೋಕೆ ಕರಿಸ್ಮಾ (ಮಾತಿನ ಪ್ರಭಾವದ ಅಂಕ) ಇರೋ ಒಬ್ಬರು, ಸಾಮಾನ್ಯವಾಗಿ ನೀವು ಮಾಡಿದ ಪಾತ್ರಾನೇ ಇದಾದ್ರೆ ಒಳ್ಳೇದು, ಯಾಕಂದ್ರೆ ಮುಖ್ಯವಾದ ಎಷ್ಟೋ ಮಾತುಕತೆಗಳು ನಿಮ್ಮನ್ನೇ ಹಿಡಿದು ಶುರುವಾಗುತ್ತೆ. ಅದಕ್ಕೇ ಹೊಸಬರಿಗೆ ನಾನು ಪ್ಯಾಲಡಿನ್, ಬಾರ್ಡ್, ಸಾರ್ಸರರ್ ಇದರಲ್ಲಿ ಒಂದು ಅಂತ ಹೇಳೋದು, ಮೂರಕ್ಕೂ ಕರಿಸ್ಮಾ ಮುಖ್ಯ. ಪ್ಯಾಲಡಿನ್‌ಗೆ ಲೆವೆಲ್ 6ರಲ್ಲಿ ಬರೋ ಆರಾ ಪಕ್ಕದಲ್ಲಿ ನಿಂತಿರೋರ ಎಲ್ಲಾ ಸೇವ್‌ಗೂ ಅವನ ಕರಿಸ್ಮಾ ಬೋನಸ್ ಕೂಡಿಸುತ್ತೆ, ನನ್ನ ಮೂರನೇ ಸಲದ ಆಟ ನಿಂತಿದ್ದೇ ಅದರ ಮೇಲೆ.

ಸ್ಟ್ರೆಂತ್, ಕರಿಸ್ಮಾ ಥರದ ಅಂಕಗಳನ್ನ ಹಂಚುವಾಗ ಒಂದು ಗುಟ್ಟು. ಬೋನಸ್ ಬದಲಾಗೋದು ಸರಿಸಂಖ್ಯೆಗೆ ಮಾತ್ರ, 16ಕ್ಕೂ 17ಕ್ಕೂ ಒಂದೇ, ಮೂರು. ಹಾಗಾದ್ರೆ 17 ಯಾಕೆ ಇಡೋದು ಅಂದ್ರೆ ಮುಂದೆ ಒಂದು ಅಂಕ ಎಲ್ಲಾದ್ರೂ ಸಿಕ್ಕಾಗ 18 ಆಗಲಿ ಅಂತ. ಆಕ್ಟ್ 1ರಲ್ಲಿ ಜೌಗು ಪ್ರದೇಶದ ಮಾಟಗಾತಿಯನ್ನ ಸಾಯೋ ಹಂತಕ್ಕೆ ತಂದ್ರೆ ಅವಳು ಒಪ್ಪಂದಕ್ಕೆ ಬರ್ತಾಳೆ, ಅವಳ ಕೂದಲಿಂದ ಒಂದು ಅಂಕ ಶಾಶ್ವತವಾಗಿ ಸಿಗುತ್ತೆ. ಆಮೇಲೆ ಫೀಟ್ ಬದಲು ಎರಡು ಅಂಕ ತಗೊಂಡ್ರೆ 20 ಆಗಿ ಹೋಗುತ್ತೆ. ಮುಖ್ಯ ಅಂಕ ಬಿಟ್ರೆ ಎಲ್ಲರಿಗೂ ಕಾನ್‌ಸ್ಟಿಟ್ಯೂಶನ್ 14ಕ್ಕಿಂತ ಕಮ್ಮಿ ಬೇಡ.

ಜೊತೆಗೆ ಬರೋರ ಆಯ್ಕೆಗಳು ಇಷ್ಟ ಆಗ್ಲಿಲ್ಲ ಅಂದ್ರೆ ವಿದರ್ಸ್ ಇದ್ದಾನೆ. ಶುರುವಿನ ದಡದ ಹತ್ರ ಇರೋ ಹಳೇ ಸಮಾಧಿಯಲ್ಲಿ ಸಿಗ್ತಾನೆ, ಬಿಟ್ಟು ಬಂದ್ರೂ ಆಮೇಲೆ ತಾನೇ ಕ್ಯಾಂಪಿಗೆ ಬರ್ತಾನೆ. 100 ಗೋಲ್ಡ್ ಕೊಟ್ರೆ ಯಾರನ್ನ ಬೇಕಾದ್ರೂ ಮೊದಲಿಂದ ಬೇರೆ ಕ್ಲಾಸಾಗಿ ಬದಲಾಯಿಸಬಹುದು, ಅವರ ಕಥೆ ಹಾಗೇ ಇರುತ್ತೆ. ಶ್ಯಾಡೋಹಾರ್ಟ್ ಟ್ರಿಕರಿ ಡೊಮೈನಲ್ಲಿ (ಡೊಮೈನ್ ಅಂದ್ರೆ ಕ್ಲೆರಿಕ್ ಒಳಗಿನ ಶಾಖೆ) ಬರ್ತಾಳೆ, ಅದು ಫೈಟಲ್ಲಿ ಅಷ್ಟಕ್ಕಷ್ಟೇ, ನಾನು ಮೊದಲನೇ 100 ಗೋಲ್ಡ್ ಸಿಕ್ಕ ತಕ್ಷಣ ಅವಳನ್ನ ಲೈಫ್ ಅಥವಾ ಲೈಟ್ ಡೊಮೈನಿಗೆ ಬದಲಾಯಿಸ್ತೀನಿ, ಲೈಫಲ್ಲಿ ಭಾರದ ಕವಚ ಹಾಕಬಹುದು, ಲೈಟಲ್ಲಿ 5ಕ್ಕೆ ಫೈರ್‌ಬಾಲ್ ಬರುತ್ತೆ. ಇಷ್ಟವಾದ ಪಾತ್ರಗಳನ್ನೇ ಇಟ್ಕೊಂಡು ಕ್ಲಾಸ್ ಬದಲಿಸೋದು, ಕ್ಲಾಸಿಗೋಸ್ಕರ ಇಷ್ಟ ಇಲ್ಲದವರನ್ನ ಕರ್ಕೊಂಡು ಹೋಗೋದಕ್ಕಿಂತ ಎಷ್ಟೋ ವಾಸಿ, ನೂರು ಗಂಟೆ ಅವರ ಮಾತು ಕೇಳೋದು ನೀವೇ ಅಲ್ವಾ.

5 ದಾಟಿದ ಮೇಲೆ ಮಲ್ಟಿಕ್ಲಾಸ್ ಮಾಡೋದಾದ್ರೆ ಒಂದು ಲೆಕ್ಕ ನೆನಪಿರಲಿ. ಫೀಟ್ ಸಿಗೋದು ಆಯಾ ಕ್ಲಾಸಿನ 4, 8, 12ನೇ ಲೆವೆಲ್ಲಿಗೆ, ಒಟ್ಟು ಲೆವೆಲ್ಲಿಗಲ್ಲ. 8 ಮತ್ತೆ 4 ಅಂತ ಹಂಚಿದ್ರೆ ಮೂರು ಫೀಟ್ ಸಿಗುತ್ತೆ, 6 ಮತ್ತೆ 6 ಅಂದ್ರೆ ಸಾಮಾನ್ಯವಾಗಿ ಎರಡೇ. ಎರಡು ಕ್ಲಾಸಿಂದ ಎರಡನೇ ಏಟು ಬಂದ್ರೂ ಸಾಮಾನ್ಯವಾಗಿ ಅದು ಮೂರು ಆಗಲ್ಲ. ಫೈಟರ್‌ಗೆ ಮಾತ್ರ 11ರಲ್ಲಿ ಮೂರನೇ ಏಟು ಬರುತ್ತೆ, ವಿಝರ್ಡ್‌ಗೆ ಅದೇ 11ರಲ್ಲಿ ಆರನೇ ಮಟ್ಟದ ಸ್ಪೆಲ್, ಹಾಗಾಗಿ ಲೇಜೆಲ್, ಗೇಲ್ ಇಬ್ಬರನ್ನೂ ನಾನು ಕೊನೇವರೆಗೂ ಒಂದೇ ಕ್ಲಾಸಲ್ಲಿ ಬಿಡ್ತೀನಿ. ರೋಗ್‌ಗೆ ಮೂರನೇ ಲೆವೆಲ್ಲಲ್ಲಿ ಥೀಫ್ ಶಾಖೆ ತಗೊಂಡ್ರೆ ಇನ್ನೊಂದು ಬೋನಸ್ ಆಕ್ಷನ್ ಸಿಗುತ್ತೆ, ಬೇರೆ ಕ್ಲಾಸಿಗೆ ಸೇರಿಸೋಕೆ ಅದಕ್ಕಿಂತ ಒಳ್ಳೇ ಮೂರು ಲೆವೆಲ್ ಕಮ್ಮಿ.

ಕೊನೇದಾಗಿ ಒಂದು ಸಣ್ಣ ಕೆಲಸ, ಜನ ಬದಲಾಯಿಸಿದಾಗಲೆಲ್ಲ ಮಾಡಿ. ಕ್ಲೆರಿಕ್, ವಿಝರ್ಡ್, ಡ್ರೂಯಿಡ್, ಪ್ಯಾಲಡಿನ್ ಇವರ ಪ್ರಿಪೇರ್ ಮಾಡಿದ ಸ್ಪೆಲ್‌ಗಳನ್ನ ಫೈಟ್ ಹೊರಗೆ ಯಾವಾಗ ಬೇಕಾದ್ರೂ ಬದಲಾಯಿಸಬಹುದು, ರೆಸ್ಟ್ ಕೂಡ ಬೇಡ. ಕಾರ್ಲ್ಯಾಕ್ ಜಾಗಕ್ಕೆ ವಿಲ್ ಬಂದ್ರೆ ಅವನು ಹೆಕ್ಸ್ ಹಿಡಿದಿರ್ತಾನೆ, ಅಂದ್ರೆ ಕಾನ್ಸಂಟ್ರೇಶನ್ ಹಿಡಿಯೋರು ಮೂವರಾದ್ರು, ಆಗ ಗೇಲ್ ಪಟ್ಟಿಯಿಂದ ವೆಬ್ ತೆಗೆದು ಮ್ಯಾಜಿಕ್ ಮಿಸೈಲ್, ಮಿರರ್ ಇಮೇಜ್ ಥರ ಹಿಡಿಯಬೇಕಾಗಿಲ್ಲದವನ್ನ ಹಾಕಿ, ಶ್ಯಾಡೋಹಾರ್ಟ್ ಪಟ್ಟಿಗೆ ಏಡ್ ಸೇರಿಸಿ ಬೆಳಿಗ್ಗೆ ಕ್ಯಾಂಪ್ ಬಿಡೋ ಮುಂಚೆನೇ ಹಾಕಿಸಿಬಿಡಿ, ಮುಂದಿನ ಲಾಂಗ್ ರೆಸ್ಟ್‌ವರೆಗೂ ಎಲ್ಲರಿಗೂ 5 ಹಿಟ್ ಪಾಯಿಂಟ್ ಜಾಸ್ತಿ ಇರುತ್ತೆ. ಲಾಂಗ್‌ಸ್ಟ್ರೈಡರ್ (ಟರ್ನಲ್ಲಿ ನಡೆಯೋ ದೂರ ಹೆಚ್ಚಿಸೋ ಸ್ಪೆಲ್) ಗೊತ್ತಿರೋರು ಯಾರಾದ್ರೂ ಇದ್ರೆ ಅದನ್ನೂ ಆಗಲೇ ನಾಲ್ಕು ಜನಕ್ಕೂ ಹಾಕಿಸಿ, ಫೈಟ್ ಹೊರಗೆ ಅದಕ್ಕೆ ಸ್ಲಾಟ್ ಖರ್ಚಾಗಲ್ಲ.